ಬಸಪ್ ಸಾಹೇಬರ ಪಾದೋದಕ

ನಿಜಾಮರ ರಾಜ್ಯದಲ್ಲಿ ಹತ್ತು ಜನ ಒಂದೆಡೆ ಕೂಡಿ ಯಾರೊಬ್ಬರ ಮಾತು ಕೇಳಬೇಕಾದರೂ ಕಚೇರಿಯ ಅಪ್ಪಣೆ ಬೇಕಿತ್ತು. ಹಸಿವಿಗೆ, ಬಿಟ್ಟಿ ದುಡಿಮೆಗೆ, ಕೂಸುಗಳ ಸಾವಿಗೆ ಯಾವ ಅಪ್ಪಣೆಯೂ ಬೇಕಿರಲಿಲ್ಲ. ಅವು ಮುಕ್ತವಾಗಿ ಸಂಚರಿಸುತ್ತಿದ್ದವು. ಸೊಲ್ಲಾಪುರದ ಸುಧಾರಕರ ಶಾಲೆಯಲ್ಲಿ ಓದಿ, ಅನ್ಯಾಯವನ್ನು ಕಂಡಲ್ಲಿ ಹೆಸರು ಹಿಡಿದು ಕರೆಯಬೇಕೆಂದು ಕಲಿತು ಬಂದಿದ್ದ ನಾನು, ಸೇಡಂ ಮತ್ತು ಚಿಂಚೋಳಿಯ ನಡುವಿನ ಒಂದು ಹಳ್ಳಿಯ ಕ್ರೈಸ್ತ ಕೇರಿಯಲ್ಲಿ ಶಿಕ್ಷಕಿಯಾಗಿದ್ದೆ. ನಾನು ಕ್ರೈಸ್ತಳಲ್ಲ, ವಾಡಿ ಜಂಕ್ಷನ್ನಿನ ರೈಲ್ವೆ ಗುಮಾಸ್ತರ ಮಗಳು. ಆದರೆ ಕೇರಿಯ ಮಕ್ಕಳನ್ನು ಕೂರಿಸಿಕೊಂಡು ಅಕ್ಷರ ಹೇಳಿಕೊಡುವ ಧೈರ್ಯವನ್ನು ಆ ಸುತ್ತಿನಲ್ಲಿ ಬೇರಾವ ಶಾಲೆಯೂ ತೋರಿರಲಿಲ್ಲ.

ಹೆಸರಿಡಬೇಕಾದ ಅನ್ಯಾಯಗಳಿಗೆ ಅಲ್ಲಿ ಕೊರತೆಯಿರಲಿಲ್ಲ. ಮೊದಲನೆಯದು ಬಾವಿ. ಊರಿಗೆ ಸಿಹಿನೀರಿನ ಬಾವಿ ಒಂದೇ. ಕೇರಿಯವರು ಕೊಡ ಹಿಡಿದು ದೂರ ನಿಂತು, ಯಾರಾದರೂ ಎತ್ತರದಿಂದ ಸುರಿಯಲಿ ಎಂದು ಕಾಯಬೇಕು. ಯಾರೂ ಸುರಿಯದ ದಿನ ಹಳ್ಳದ ಉಪ್ಪುನೀರೇ ಗತಿ. ಆ ನೀರು ಕುಡಿದು ಹಿಂದಿನ ಬೇಸಿಗೆಯಲ್ಲಿ ನನ್ನ ಶಾಲೆಯ ಇಬ್ಬರು ಮಕ್ಕಳು ಸತ್ತಿದ್ದರು. ಕೇರಿಯ ಸೂಲಗಿತ್ತಿ ಊರಿನ ಗೌಡರ ಮೊಮ್ಮಕ್ಕಳೆಲ್ಲರ ಹೊಕ್ಕುಳಬಳ್ಳಿ ಕೊಯ್ದಿದ್ದಳು. ಆ ಕೈಗೆ ಬಾವಿಯ ಹಗ್ಗ ಮುಟ್ಟುವ ಅಧಿಕಾರವಿರಲಿಲ್ಲ. ಮನುಷ್ಯರೆಲ್ಲ ಒಂದೇ ಎಂದು ಸಾರಿದ ಶರಣರ ನುಡಿಗಳನ್ನು ಗೌಡರು ನಿತ್ಯ ಬೆಳಗ್ಗೆ ಗಟ್ಟಿಯಾಗಿ ಹೇಳುತ್ತಿದ್ದರು. ಹೇಳುತ್ತಿದ್ದುದು ಅದೇ ಬಾವಿಯ ಕಟ್ಟೆಯ ಮೇಲೆ ಕುಳಿತು.

ಎರಡನೆಯ ಅನ್ಯಾಯ ಕೇರಿಯ ಪ್ರಾರ್ಥನಾ ಮಂದಿರದೊಳಗೇ ಇತ್ತು. ಕುಲ ಬಿಟ್ಟು ಕ್ರಿಸ್ತನನ್ನು ನಂಬಿದ ಮೂರು ರೈತ ಮನೆತನಗಳು ಕುಲವನ್ನು ಮಾತ್ರ ಜೋಪಾನವಾಗಿ ಜೊತೆಗೆ ತಂದಿದ್ದವು. ಅವರು ಮುಂದೆ, ಕೇರಿಯವರು ಹಿಂದೆ, ನಡುವೆ ಗೋಡೆಯಿಂದ ಗೋಡೆಗೆ ಬಿಗಿದ ಸೆಣಬಿನ ಹಗ್ಗ. ಅದನ್ನು ಬಿಚ್ಚಿಸಬೇಕೆಂದು ನಾನು ಬಿಷಪ್ಪರಿಗೆ ಐದು ಪತ್ರ ಬರೆದೆ. ಐದಕ್ಕೂ ಒಂದೇ ಉತ್ತರ ಬಂತು: “ಪ್ರಾರ್ಥಿಸೋಣ.”

ಬಿಷಪ್ಪರು ಸಮುದ್ರದಾಚೆಯಿಂದ ಬಂದು ಮೂವತ್ತು ವರ್ಷವಾಗಿತ್ತು. ಅವರ ಆಳಿಕೆಯ ಸೀಮೆ ಎಷ್ಟು ವಿಸ್ತಾರವೆಂದರೆ, ತಮ್ಮ ಪೀಠಕ್ಕಿಂತ ಹೆಚ್ಚು ಕಾಲವನ್ನು ಅವರು ವಾಡಿ ಜಂಕ್ಷನ್ನಿನ ಬೆಂಚಿನ ಮೇಲೆ ಕಳೆದಿದ್ದರು. ತಗಡಿನ ಪೆಟ್ಟಿಗೆಯಲ್ಲಿ ಪೂಜೆಯ ಸಾಮಾನು, ಇನ್ನೊಂದರಲ್ಲಿ ಕ್ವಿನೈನ್ ಮಾತ್ರೆ. ಎದೆಯವರೆಗೆ ಇಳಿದ ಬಿಳಿ ಗಡ್ಡ, ಬಿಸಿಲಿಗೆ ಶಹಾಬಾದದ ಕಲ್ಲಿನ ಬಣ್ಣಕ್ಕೆ ತಿರುಗಿದ ಮುಖ. ಕರಾವಳಿಯಲ್ಲಿ ಪುಸ್ತಕದಿಂದ ಕಲಿತ ಅವರ ಕನ್ನಡವನ್ನು, ವಾಡಿಗೆ ಹೋಗಿ ಅವರನ್ನು ಕಾಣುವ ನಮ್ಮವರಿಗೆ ನಾನು ಕನ್ನಡಕ್ಕೇ ಭಾಷಾಂತರಿಸಬೇಕಾಗುತ್ತಿತ್ತು.

ಅವರು ಮೊದಲ ಸಲ ನಮ್ಮ ಹಳ್ಳಿಗೆ ಬರುವ ವರ್ಷ ಸಭೆಯ ಅರ್ಜಿಯನ್ನು ಉರ್ದುವಿನಲ್ಲಿ ಬರೆದವಳು ನಾನೇ. ಉರ್ದುವಿನಲ್ಲಿ ‘ಸ’ಕ್ಕೂ ‘ಶ’ಕ್ಕೂ ಆಕಾರ ಒಂದೇ, ಮೇಲೆ ಮೂರು ಚುಕ್ಕಿ ಬಿದ್ದರೆ ‘ಶ’. ಹ್ರಸ್ವ ಸ್ವರಗಳನ್ನು ಬರೆಯುವ ರೂಢಿಯಿಲ್ಲ. ಕಚೇರಿಯ ನಕಲುಗಾರನು ಅವಸರದಲ್ಲಿ ಚುಕ್ಕಿಗಳನ್ನು ನುಂಗಿದ. ಮೊಹರು ಬಿದ್ದು ಬಂದ ಅಪ್ಪಣೆಯಲ್ಲಿ ‘ಬಿಷಪ್ ಸಾಹೇಬ್’ ಎಂಬವರು ಮಾಯವಾಗಿ, ‘ಬಸಪ್ ಸಾಹೇಬ್’ ಎಂಬವರು ಅವತರಿಸಿದ್ದರು. ತಿದ್ದಿಸಬೇಕೆಂದರೆ ಇನ್ನೊಂದು ಅರ್ಜಿ, ಇನ್ನೊಂದು ತಿಂಗಳು. ನಾನು ಕಾಗದವನ್ನು ಮಡಚಿ ಸುಮ್ಮನೆ ಕುಲಕರ್ಣಿಯವರ ಕೈಗಿತ್ತೆ. ಅವರು ಅದನ್ನು ಚಾವಡಿಯಲ್ಲಿ ಓದಿದರು. ಬಸಪ್ಪನೆಂಬ ದೊಡ್ಡ ಸ್ವಾಮಿಗಳು ದಯಮಾಡಿಸಲಿದ್ದಾರೆ, ಸರಕಾರವೇ ಒಪ್ಪಿದೆ ಎಂದು ಊರು ತಿಳಿಯಿತು.

ಬಿಷಪ್ಪರನ್ನು ಸೇಡಂ ನಿಲ್ದಾಣದಿಂದ ಎತ್ತಿನ ಗಾಡಿಯಲ್ಲಿ ಕರೆತರಲು ನಾನೇ ಹೋಗಿದ್ದೆ. ಕಾಗಿಣಾ ಹೊಳೆ ದಾಟುವಾಗ ಗಾಲಿಯೊಂದು ಗುಂಡಿಗೆ ಇಳಿದು, ಅವರು ನಿಲುವಂಗಿಯ ಸಮೇತ ನೀರಿಗೆ ಬಿದ್ದರು. ಒದ್ದೆ ಅಂಗಿಯನ್ನೂ ಸೊಂಟದ ನೇರಳೆ ಪಟ್ಟಿಯನ್ನೂ ಗಾಡಿಯ ಹಿಂದೆ ಒಣಹಾಕಿ, ಗಾಡಿಯವನ ಕಾವಿ ಚಾದರವನ್ನು ಹೊದ್ದು ಕುಳಿತರು. ಕೊರಳಲ್ಲಿ, ರೋಗಿಗಳಿಗೆ ಕೊಡುವ ಪ್ರಸಾದದ ಪುಟ್ಟ ಬೆಳ್ಳಿ ಕರಂಡಿಕೆ, ಕೈಯಲ್ಲಿ ಬೆತ್ತ.

ಊರ ಬಾಯಲ್ಲಿ, ಬಾವಿಯ ಬಳಿ, ಗೌಡರು ಹಿರಿಯರೊಡನೆ ಕೈಮುಗಿದು ನಿಂತಿದ್ದರು.

“ಎದಿಮ್ಯಾಲ ಕರಡಿಗಿ ನೋಡ್ರಿ,” ಎಂದು ಅವರು ಪಕ್ಕದವರ ಕಿವಿಯಲ್ಲಿ ಹೇಳಿದರು. ಲಿಂಗವಿಡುವ ಬೆಳ್ಳಿಯ ಕರಡಿಗೆ ಅವರ ಎದೆಯ ಮೇಲೂ ಇತ್ತು. “ನಮ್ಮದಕ್ಕಿಂತ ಸಣ್ಣದದ, ಖರೇ. ಕೆತ್ತನಿ ಭಾಳ ಛಲೋ ಅದ.” ಅನಂತರ ನನ್ನತ್ತ ತಿರುಗಿದರು. “ಯಾವ ಮಠದವರ್ರೀ, ಅಕ್ಕೋರ?”

“ಭಾಳ ದೂರದವರ್ರಿ,” ಎಂದೆ. ಅದರಲ್ಲಿ ಸುಳ್ಳಿರಲಿಲ್ಲ, ಸತ್ಯವೂ ಹೆಚ್ಚಿರಲಿಲ್ಲ.

ಬಿಷಪ್ಪರನ್ನು ಕಟ್ಟೆಯ ಮೇಲೆ ಕೂರಿಸಿದರು. ಹಿತ್ತಾಳೆಯ ಪರಾತದಲ್ಲಿ ಪಾದ ತೊಳೆದರು. ಗುರುವಿನ ಪಾದ ತೊಳೆದ ನೀರು ಪಾದೋದಕ. ಗೌಡರು ಮೂರು ಸಲ ಅಂಗೈಯಲ್ಲಿ ಹಿಡಿದು ಕುಡಿದು ಕಣ್ಣಿಗೊತ್ತಿಕೊಂಡರು, ಹಿರಿಯರೂ ಕುಡಿದರು. ಮೂವತ್ತು ವರ್ಷಗಳ ತಮ್ಮ ದುಡಿಮೆ ಒಂದೇ ಬೆಳಗ್ಗೆ ಫಲಿಸಿ ಊರಿಗೆ ಊರೇ ಕ್ರಿಸ್ತನೆಡೆಗೆ ತಿರುಗಿತೆಂದು ಭಾವಿಸಿದ ಬಿಷಪ್ಪರ ಕಣ್ಣಲ್ಲಿ ನೀರು ತುಂಬಿತು. ಗುರುಗಳ ಕಣ್ಣೀರು ಕಂಡು ಗೌಡರೂ ಅತ್ತರು. ಇಬ್ಬರು ಪ್ರಾಮಾಣಿಕರು ಇಷ್ಟು ಸಂಪೂರ್ಣವಾಗಿ ತಪ್ಪು ತಿಳಿದು ಒಂದಾದುದನ್ನು ನಾನು ಬೇರೆಲ್ಲೂ ಕಂಡಿಲ್ಲ.

ಆಗ ಬಿಷಪ್ಪರು ಎದ್ದು ನಿಂತು, “ಪ್ರಿಯ ಜನಗಳಿರಾ, ಕೃಪೆಯ ಬಾವಿಯಿಂದ ಸಕಲರೂ ಜಲವನ್ನು ಸೇದತಕ್ಕದ್ದು,” ಎಂದರು. ಅವರ ಉಚ್ಚಾರಣೆಯಲ್ಲಿ ಅದು ಯಾರಿಗೂ ತಿಳಿಯಲಿಲ್ಲ.

“ಏನಂದ್ರು?” ಎಂದರು ಗೌಡರು.

ನನ್ನ ಶಾಲೆ ನನಗೆ ಸತ್ಯವನ್ನು ಕಲಿಸಿತ್ತು. ಸತ್ತ ಇಬ್ಬರು ಮಕ್ಕಳ ಸ್ಲೇಟುಗಳು ಇನ್ನೂ ನನ್ನ ಬಳಿಯಿದ್ದವು. ನಕಲುಗಾರನು ಮೂರು ಚುಕ್ಕಿ ಬಿಟ್ಟಿದ್ದ. ನಾನು ಒಂದು ಶಬ್ದ ಬಿಟ್ಟೆ.

“ಈ ಬಾವಿ ನೀರು ಎಲ್ಲಾರೂ ಸೇದ್ರಿ ಅಂತ ಅಪ್ಪಣಿ ಆಗ್ಯದರಿ.”

ಆ ಮಾತು ಕಿವಿಗೆ ಬೀಳುವಷ್ಟು ಹತ್ತಿರಕ್ಕೆ ಕೇರಿಯವರು ಆಗಲೇ ಓಡಿ ಬಂದಿದ್ದರು. ಸೂಲಗಿತ್ತಿ ಎಲ್ಲರಿಗಿಂತ ಮುಂದೆ ಬಂದು ಮೊಳಕಾಲೂರಿ, ಬಿಷಪ್ಪರ ಬೆರಳಿನ ಉಂಗುರಕ್ಕೆ ಮುತ್ತಿಟ್ಟಳು. “ಬಿಷಪ್ ಸ್ವಾಮಿ, ಬಂದ್ರೇನ್ರೀ ನಮ್ಮಪ್ಪ!”

ಗೌಡರ ಮೀಸೆಯಿಂದ ಪಾದೋದಕ ಇನ್ನೂ ತೊಟ್ಟಿಕ್ಕುತ್ತಿತ್ತು. “ಪಾದ್ರಿ ಏನ್ರೀ ಇಂವ?” ಎಂದು ಕುಲಕರ್ಣಿಯವರತ್ತ ತಿರುಗಿದರು. “ಕಾಗದದಾಗ ಏನದ, ಸರಿಯಾಗಿ ಓದ್ರಿ!”

“ಬಸಪ್ ಸಾಹೇಬ್ ಅಂತನೇ ಅದರಿ. ಸರಕಾರಿ ಮೊಹರು ಅದ,” ಎಂದರು ಕುಲಕರ್ಣಿ. ಅವರು ಪಾದೋದಕ ಕುಡಿದಿರಲಿಲ್ಲವಾದ್ದರಿಂದ ಧ್ವನಿ ಸ್ಥಿರವಾಗಿತ್ತು.

ಸೂಲಗಿತ್ತಿ ಪರಾತವನ್ನು ನೋಡಿದಳು, ಗೌಡರ ಮೀಸೆಯನ್ನು ನೋಡಿದಳು, ನನ್ನ ಮುಖವನ್ನೂ ನೋಡಿದಳು. ಹೆರಿಗೆಮನೆಯಲ್ಲಿ ಹೊತ್ತನ್ನು ಅಳೆಯುವ ಕಣ್ಣು ಅದು.

“ಯಪ್ಪಾ ಗೌಡ್ರ,” ಎಂದಳು ಮೆಲ್ಲಗೆ, “ಇವರು ಪಾದ್ರಿ ಆಗಿದ್ರ ನೀವು ಕುಡದದ್ದು ಏನು ಅಂತ ನಾಳೆ ಬೀಗರು ಕೇಳ್ತಾರ. ಯಾಕ ಬೇಕ್ರಿ ಅದು? ಸರಕಾರನೇ ಬಸಪ್ಪ ಅಂದದ. ನೀವು ಬಸಪ್ಪ ಅಂದ್ರ ನಾವೂ ಬಸಪ್ಪ ಅಂತೀವಿ. ಮತ್ತ ಬಸಪ್ಪ ಸ್ವಾಮಿ ನೀರು ಸೇದ್ರಿ ಅಂದಾರಂತಲ್ಲ, ಅಕ್ಕೋರ?”

“ಅಂದಾರವ್ವ,” ಎಂದೆ.

ಗೌಡರು ಮನಸ್ಸಿನಲ್ಲೇ ಲೆಕ್ಕ ಹಾಕಿದರು. ಗುರುವೆಂದು ಒಪ್ಪಿಕೊಂಡರೆ ಬಾವಿ ಹೋಗುತ್ತದೆ. ಪಾದ್ರಿಯೆಂದು ಬಾವಿ ಉಳಿಸಿಕೊಂಡರೆ ಧರ್ಮ ಹೋಗುತ್ತದೆ; ಅವನ ಪಾದದ ನೀರು ಈಗಾಗಲೇ ಹೊಟ್ಟೆ ಸೇರಿದೆ. ಕೊನೆಗೆ ಮೀಸೆ ಒರೆಸಿಕೊಂಡು, “ಗುರುಗಳ ಮಾತು ಮೀರೋದಿಲ್ಲ. ಸೇದ್ರಿ. ಆದ್ರ ನಮ್ಮ ಹಗ್ಗಕ್ಕ ಕೈ ಹಚ್ಚಬ್ಯಾಡ್ರಿ. ನಿಮ್ಮ ಹಗ್ಗ ನೀವು ತರ್ರಿ,” ಎಂದರು. ಸೋತವರೂ ಒಂದು ಅನ್ಯಾಯವನ್ನಾದರೂ ಮಿಗಿಸಿಕೊಳ್ಳದೆ ಮನೆಗೆ ಹೋಗುವುದಿಲ್ಲ.

ಕೇರಿಗೆ ಎಂದೂ ಬಾವಿಯಿರಲಿಲ್ಲವಾದ್ದರಿಂದ ಯಾರ ಮನೆಯಲ್ಲೂ ಬಾವಿಯ ಹಗ್ಗವಿರಲಿಲ್ಲ. ಸೂಲಗಿತ್ತಿ ಕ್ಷಣ ಯೋಚಿಸಿದಳು. ಅನಂತರ ಯಾರನ್ನೂ ಕೇಳದೆ ಪ್ರಾರ್ಥನಾ ಮಂದಿರಕ್ಕೆ ನಡೆದಳು. ಮೂರು ರೈತ ಮನೆತನದವರು “ಏ, ಏ, ಅದು ದೇವರ ಹಗ್ಗ!” ಎಂದು ಕೂಗುತ್ತಾ ಹಿಂಬಾಲಿಸಿದರು. ಅವಳು ಮರಳಿ ಬಂದಾಗ, ಐದು ಪತ್ರಗಳಿಗೆ ಬಿಚ್ಚದ ಆ ಸೆಣಬಿನ ಹಗ್ಗ ಅವಳ ಹೆಗಲ ಮೇಲೆ ಸುರುಳಿಯಾಗಿತ್ತು. “ದೇವರದೇ ಇರಲಿ,” ಎನ್ನುತ್ತಿದ್ದಳು, “ದೇವರಿಗೂ ನೀರಡಿಕಿ ಆಗ್ತದ.”

ಕೊಡ ಕಟ್ಟಿ ಇಳಿಬಿಟ್ಟಳು. ಬೇಸಿಗೆಯ ನೀರು ಆಳಕ್ಕಿಳಿದಿತ್ತು. ಹಗ್ಗ ಎರಡು ಮೊಳ ಸಾಲಲಿಲ್ಲ. ಖಾಲಿ ಕೊಡ ನೀರಿನ ಮೇಲೆ ತೂಗುತ್ತಿರಲು ಕೇರಿಯವರೆಲ್ಲ ಕಟ್ಟೆಗೆ ಬಾಗಿದರು. ಗೌಡರ ಮುಖದಲ್ಲಿ ಸ್ವಲ್ಪ ಕಳೆ ಬಂತು.

ಬಿಷಪ್ಪರು ಬಾವಿಯನ್ನು ನೋಡಿದರು, ನನ್ನ ಪತ್ರಗಳಲ್ಲಿ ಓದಿದ್ದ ಹಗ್ಗವನ್ನು ಗುರುತಿಸಿದರು, ಬಳಿಕ ನನ್ನ ಕಡೆ ನೋಡಿದರು. ನಾನು ಯಾವ ಶಬ್ದವನ್ನು ಬಿಟ್ಟಿದ್ದೆನೆಂದು ಅವರಿಗೆ ತಿಳಿಯಿತೆಂದು ನನಗೆ ತಿಳಿಯಿತು. ಪ್ರಾರ್ಥಿಸೋಣ ಎನ್ನುವರೆಂದು ಕಾದೆ. ಅವರು ಗಾಡಿಯ ಹಿಂದೆ ಒಣಗುತ್ತಿದ್ದ ನೇರಳೆ ಪಟ್ಟಿಯನ್ನು ತಂದು, ಹಗ್ಗದ ತುದಿಗೆ ತಾವೇ ಗಂಟು ಹಾಕಿ, ಎಳೆದು ನೋಡಿ, ಸೂಲಗಿತ್ತಿಯ ಕೈಗಿತ್ತರು.

ಕೆಳಗಿನಿಂದ ಕೊಡ ಮುಳುಗುವ ಸದ್ದು ಬಂತು.