ಹೊರಗಿನಿಂದ ತೆಗೆಯುವ ಚಿಲಕ

ನಮ್ಮವರಿಗೆ ಬೀದಿಯವರು ಇಟ್ಟ ಹೆಸರು ಚಿಲಕದ ಮೇಸ್ತ್ರಿ. ಬಾಗಿಲು ಕೂರಿಸುವುದು, ಬೀಗ ರಿಪೇರಿ ಮಾಡುವುದು, ಕೀಲಿ ಕಳೆದುಕೊಂಡು ಹೊರಗೆ ನಿಂತವರಿಗೆ ಮನೆ ತೆರೆದುಕೊಡುವುದು ಇವರ ಕಸುಬು. ಮುಚ್ಚಿದ ಬಾಗಿಲು ಕಂಡರೆ ಬೆವರುವ ಮನುಷ್ಯನಿಗೆ ಈ ಕಸುಬು ಯಾಕೆ ಬೇಕಿತ್ತು ಎಂದು ನಾನು ಕೇಳದ ದಿನವಿಲ್ಲ.

ಮೊದಲು ಹೀಗಿರಲಿಲ್ಲ. ಒಂದು ಮನೆಯ ಯಜಮಾನರು ಸ್ನಾನಕ್ಕೆ ಹೋದವರು ಹೊರಗೆ ಬರಲಿಲ್ಲವೆಂದು ಮನೆಯವರು ಓಡೋಡಿ ಬಂದು ಇವರನ್ನು ಕರೆದರು. ಗಟ್ಟಿ ಬಾಗಿಲು, ಇವರೇ ಕೂರಿಸಿದ್ದು. ಒಳಗಿನ ಕಬ್ಬಿಣದ ಚಿಲಕವೂ ಇವರದೇ. ಒಡೆದು ಒಳಗೆ ಹೋಗುವಷ್ಟರಲ್ಲಿ ತಡವಾಗಿತ್ತು. "ಸ್ವಲ್ಪ ಮುಂಚೆ ಬಾಗಿಲು ತೆಗೆದಿದ್ರೆ..." ಎಂದು ಡಾಕ್ಟರು ಮಾತು ಅರ್ಧಕ್ಕೆ ನಿಲ್ಲಿಸಿದರಂತೆ. ಆ ಅರ್ಧ ಮಾತು ಇವರ ತಲೆಯಲ್ಲಿ ಕೂತುಬಿಟ್ಟಿತು. ಅಂದಿನಿಂದ ನಾನು ಸೋಪು ಹಚ್ಚಿಕೊಳ್ಳುತ್ತಾ ಒಂದು ಗಳಿಗೆ ಸುಮ್ಮನಾದರೆ ಸಾಕು, "ಏ, ಇದ್ದೀಯಾ?" ಎಂದು ಹೊರಗಿನಿಂದ ಕೂಗು. ಇಲ್ಲದೆ ಎಲ್ಲಿಗೆ ಹೋಗಲಿ, ಮೋರಿಯಲ್ಲಿ ಹರಿದು ಹೋಗಲೇ?

ನಮ್ಮ ಬಚ್ಚಲಿಗೂ ಒಂದು ಚರಿತ್ರೆ ಇದೆ. ಅತ್ತೆ ಈ ಮನೆಗೆ ಬಂದಾಗ ಅದಕ್ಕೆ ಬಾಗಿಲೇ ಇರಲಿಲ್ಲ, ಗೋಣಿಯ ಪರದೆ. ಒಳಗೆ ಹೋಗುವವರು ತಗಡಿನ ಚೊಂಬೊಂದನ್ನು ಹೊರಗಿಡಬೇಕು, ಚೊಂಬು ಕಂಡವರು ಬಂದ ದಾರಿಯಲ್ಲೇ ಹಿಂದಕ್ಕೆ ಹೋಗಬೇಕು. ಚೊಂಬು ಇಡಲು ಮರೆತ ದಿನಗಳ ಕಥೆಯನ್ನು ಅತ್ತೆ ನನಗೂ ಪೂರ್ತಿ ಹೇಳಿಲ್ಲ. ಆಮೇಲೆ ಹಲಗೆಯ ಬಾಗಿಲು ಬಂತು, ಅದಕ್ಕೆ ದಾರದ ಕುಣಿಕೆ. ದಾರ ಕೊಳೆತ ಮೇಲೆ ತಂತಿಯ ಕೊಕ್ಕೆ. ಇವರು ಕಸುಬು ಕಲಿತ ಮೇಲೆ ಹಿತ್ತಾಳೆಯ ಚಿಲಕ. ಅದನ್ನು ಹಾಕಿದ ದಿನ ಅತ್ತೆ ಬಿಸಿನೀರು ಖಾಲಿಯಾಗುವ ತನಕ ಸ್ನಾನ ಮಾಡಿದರಂತೆ. ಅಷ್ಟು ವರ್ಷಗಳಲ್ಲಿ ಅವತ್ತೇ ಮೊದಲ ಸಲ ಅವಸರವಿಲ್ಲದೆ ಮಿಂದದ್ದು ಎಂದು ಹೇಳುತ್ತಾರೆ.

ಈಗ ಅದೇ ಅತ್ತೆಗೆ ತಲೆಸುತ್ತು. ಕೂತವರು ಎದ್ದರೆ ಗೋಡೆ ಹಿಡಿಯಬೇಕು. ಆದರೂ ಬಚ್ಚಲಿಗೆ ಹೋದರೆ ಚಿಲಕ ಬೀಳಲೇಬೇಕು. ಇವರು ಊಟ ಬಿಟ್ಟು ಎದ್ದು ಬಚ್ಚಲ ಬಾಗಿಲ ಬಳಿ ನಿಲ್ಲತೊಡಗಿದರು.

"ಅಮ್ಮ, ಚಿಲಕ ಹಾಕ್ಕೋಬೇಡ. ಬಾಗಿಲು ಮುಂದಕ್ಕೆ ಮಾಡ್ಕೊಂಡ್ರೆ ಸಾಕು. ಅಲ್ಲಿಗೆ ಯಾರು ಬರ್ತಾರೆ?"

"ಯಾರೂ ಬರಲ್ಲ ಅಂದ್ಮೇಲೆ ಚಿಲಕ ಇದ್ರೆ ನಿಂಗೇನು ಕಷ್ಟ?"

ಮಾತಿನಲ್ಲಿ ಸೋತಾಗ ಇವರು ಅರ ಹಿಡಿದು ಕೂರುತ್ತಾರೆ. ಕಬ್ಬಿಣ ಉಜ್ಜಿ ಉಜ್ಜಿ, ನನ್ನ ತಲೆ ತಿಂದು, ಕೊನೆಗೊಂದು ಚಿಲಕ ಮಾಡಿದರು. ಒಳಗಿನಿಂದ ತಿರುಗಿಸಿದರೆ ಬೀಳುತ್ತದೆ. ಹೊರಗಡೆ ಒಂದು ಸಣ್ಣ ಸೀಳು, ಅದರೊಳಗೆ ಚಮಚದ ಹಿಡಿಯ ತುದಿ ಇಟ್ಟು ತಿರುವಿದರೆ ಟಕ್ಕೆಂದು ತೆರೆಯುತ್ತದೆ. ಚಮಚವೇ ಯಾಕೆಂದರೆ, ಗಾಬರಿಯಲ್ಲಿ ಕೀಲಿ ಯಾರಿಗೂ ಸಿಗುವುದಿಲ್ಲ, ಚಮಚ ಸಿಗುತ್ತದೆ.

ಕಬ್ಬಿಣದ ಅಂಗಡಿಯವನು ನೋಡಿ ನಕ್ಕ. "ಮೇಸ್ತ್ರಿ, ಇದೇನು ಹೊಸದಲ್ಲ. ಇಂಥದ್ದನ್ನ ಯಾರ್ಯಾರೋ ಆಗ್ಲೇ ಮಾಡಿ ಮಾರ್ತಿದಾರೆ."

ಮುಖ ಸಪ್ಪಗಾಗುತ್ತದೆ ಅಂದುಕೊಂಡೆ. ಇವರಿಗೆ ಸಮಾಧಾನವೇ ಆಯಿತು. "ಹಾಗಾದ್ರೆ ನನ್ನ ಥರ ಹೆದರಿದವರು ಬೇರೆ ಕಡೆನೂ ಇದಾರೆ ಅಂತಾಯ್ತು" ಅಂದರು.

ಅದನ್ನು ಬಚ್ಚಲಿಗೆ ಕೂರಿಸಿ ಅಲ್ಲಿಗೆ ಸುಮ್ಮನಿದ್ದಿದ್ದರೆ ಆಗಿತ್ತು. ಮನೆಗೆ ಬಂದವರಿಗೆಲ್ಲ ತೋರಿಸತೊಡಗಿದರು. ಹಾಲಿನವನು, ಪಕ್ಕದ ಮನೆಯ ಟೈಲರ್, ಬಾಡಿಗೆ ಕೇಳಲು ಬಂದ ಮನೆಯ ಮಾಲೀಕ, ಯಾರನ್ನೂ ಬಿಡಲಿಲ್ಲ. ನನ್ನನ್ನು ಒಳಗೆ ನಿಲ್ಲಿಸಿ ಚಿಲಕ ಹಾಕಿಸುವುದು, ಹೊರಗಿನಿಂದ ತೆಗೆಯುವುದು. ಬಾಗಿಲು ತೆರೆದಾಗಲೆಲ್ಲ ನಾನು ಸರ್ಕಸ್ಸಿನ ಕರಡಿಯ ಹಾಗೆ ಹೊರಗೆ ಬರುವುದು. ಟೈಲರ್ ತಾನೇ ಚಮಚ ಹಿಡಿದು ತೆಗೆದು ನೋಡಿದ. ಅತ್ತೆ ಬಟ್ಟೆ ಮಡಿಸುತ್ತಾ ಎಲ್ಲವನ್ನೂ ನೋಡುತ್ತಿದ್ದರು. ಮಡಿಸಿದ್ದನ್ನೇ ಬಿಚ್ಚಿ ಮತ್ತೆ ಮಡಿಸಿದರು. ಅತ್ತೆ ಹೀಗೆ ಮಾಡಿದರೆ ಒಳಗೆ ಏನೋ ಕುದಿಯುತ್ತಿದೆ ಎಂದು ನನಗೆ ಗೊತ್ತಾಗುತ್ತದೆ, ಹೆತ್ತ ಮಗನಿಗೆ ಗೊತ್ತಾಗುವುದಿಲ್ಲ.

ಒಂದು ಬೆಳಿಗ್ಗೆ ಬಚ್ಚಲಿನಲ್ಲಿ ಬಕೆಟ್ ಉರುಳಿದ ಸದ್ದಾಯಿತು. ಅದರ ಹಿಂದೆಯೇ ದೊಪ್ಪೆಂದು ಇನ್ನೊಂದು ಸದ್ದು.

"ಅಮ್ಮ?"

ಉತ್ತರವಿಲ್ಲ.

"ಅಮ್ಮ, ಮಾತಾಡು."

ನಲ್ಲಿಯ ನೀರು ಬೀಳುವುದೊಂದೇ ಕೇಳುತ್ತಿತ್ತು. ನಾನು ಅಡುಗೆಮನೆಯಿಂದ ಚಮಚ ತಂದುಕೊಟ್ಟೆ. ತುದಿ ಸೀಳಿನಲ್ಲಿ ಸರಿಯಾಗಿ ಕೂತಿತು. ಟಕ್ಕೆಂದಿತು. ಚಿಲಕ ತೆರೆಯಿತು. ಬಾಗಿಲು ಮಾತ್ರ ಕೂದಲೆಳೆಯಷ್ಟೂ ಅಲ್ಲಾಡಲಿಲ್ಲ.

ಒಳಮುಖವಾಗಿ ತೆರೆಯುವ ಬಾಗಿಲು ಅದು. ಇವರು ಹೆಗಲು ಕೊಟ್ಟರು, ಮರುಕ್ಷಣವೇ ಹಿಂದೆ ಸರಿದರು. "ಹಿಂದೆನೇ ಬಿದ್ದಿದ್ರೆ? ಒಡೆದ್ರೆ ಅಮ್ಮನ ಮೇಲೇ ಬೀಳುತ್ತಲ್ಲೇ." ಊರಿನ ಅರ್ಧ ಬಾಗಿಲುಗಳನ್ನು ತೆಗೆದ ಮನುಷ್ಯ ತನ್ನ ಮನೆಯ ಬಚ್ಚಲಿನ ಮುಂದೆ ಕೈ ಹಿಸುಕಿಕೊಳ್ಳುತ್ತಾ ನಿಂತಿದ್ದರು.

ನಾನು ನೆಲಕ್ಕೆ ಕೆನ್ನೆ ಹಚ್ಚಿ ಬಾಗಿಲಿನ ಸಂದಿಯಿಂದ ನೋಡಿದೆ. ಮೊದಲು ಕಂಡದ್ದು ಮರದ ಬೆಣೆ. ಬಾಗಿಲು ಕೂರಿಸುವಾಗ ಅಲ್ಲಾಡದಿರಲೆಂದು ಅಡಿಗೆ ತುರುಕುವಂಥದ್ದು, ಇವರ ಪೆಟ್ಟಿಗೆಯದೇ. ಅತ್ತೆ ಅದನ್ನು ಒಳಗಿನಿಂದ ಗಟ್ಟಿಯಾಗಿ ಸಿಕ್ಕಿಸಿದ್ದರು. ಅದರಾಚೆ ಗೋಡೆಗೆ ಒರಗಿ ಕೂತ ಅತ್ತೆಯ ಕಾಲು. ಹೆಬ್ಬೆರಳು ಅಲ್ಲಾಡಿತು.

"ಅತ್ತೆ," ಎಂದೆ ಮೆಲ್ಲಗೆ.

"ಅವನು ಅಲ್ಲೇ ಇದಾನಾ?" ಪಿಸುಮಾತು.

"ಇದಾರೆ."

"ಹೊರಗೆ ಕಳಿಸು. ಬೀದಿಗೆ. ಬೆಣೆ ನನ್ನ ಕೈಗೆ ಎಟುಕುತ್ತೆ, ಅವನು ಹೋದ್ಮೇಲೆ ತೆಗೀತೀನಿ."

ಅಂದರೆ ಅಷ್ಟೂ ಹೊತ್ತು ಮಗ ಕೂಗಿದ್ದೆಲ್ಲ ಅವರಿಗೆ ಕೇಳಿಸುತ್ತಿತ್ತು. ಮೈಮೇಲೆ ಬಟ್ಟೆಯಿಲ್ಲದೆ ಬಿದ್ದಿದ್ದೇನೆಂಬ ನಾಚಿಕೆಗೆ ಬಾಯಿ ಬಿಟ್ಟಿರಲಿಲ್ಲ. ಇವರಿಗೂ ಆ ಪಿಸುಮಾತು ಕೇಳಿಸಿತು. ಚಮಚವನ್ನು ನನ್ನ ಕೈಗಿಟ್ಟು, ಚಪ್ಪಲಿಯೂ ಹಾಕಿಕೊಳ್ಳದೆ ಬೀದಿಗೆ ಹೋದರು. ಬೆಣೆ ಸರಿಯಿತು. ನಾನು ಒಳಗೆ ಹೋಗಿ ಟವೆಲು ಹೊದಿಸಿ ಎಬ್ಬಿಸಿದೆ. ಪಾದ ಊದಿತ್ತು, ಮೊಣಕೈ ತರಚಿತ್ತು. ದೇವರು ದೊಡ್ಡವನು, ಮೂಳೆ ಮುರಿದಿರಲಿಲ್ಲ.

ಮಧ್ಯಾಹ್ನ ಅತ್ತೆ ಮಲಗಿದ್ದಲ್ಲಿಗೆ ಇವರು ಬಂದು ಕಾಲ ಬಳಿ ಕೂತರು.

"ಬೀದಿಯವರಿಗೆಲ್ಲ ತೋರಿಸ್ದೆ ನೀನು," ಅಂದರು ಅತ್ತೆ. ಸಿಟ್ಟಿರಲಿಲ್ಲ. "ಆ ಟೈಲರ್ ಮುಖ ಕಂಡ್ರೆ ಸಾಕು, ನನಗೆ ಸೋಪು ಹಚ್ಕೊಳ್ಳಕ್ಕೂ ಮನಸ್ಸು ಬರಲ್ಲ."

ಇವರು ಕೇಳಿದರು. ಇಷ್ಟು ದಿನದಲ್ಲಿ ಹೀಗೆ ಕೇಳಿದ್ದು ಅದೇ ಮೊದಲು.

"ನಾನೇನು ಮಾಡ್ಲಿ ಅಮ್ಮ? ನೀನೇ ಹೇಳು."

ಅತ್ತೆ ಮಗನ ಕಡೆ ತಿರುಗಿ ಮಲಗಿದರು.

"ಬಾಗಿಲು ತಟ್ಟು. ನಾನು ಓಗೊಟ್ರೆ ನಿನ್ನ ಪಾಡಿಗೆ ನೀನು ಹೋಗು."

"ಓಗೊಡದಿದ್ರೆ?"

"ಓಗೊಡದಿದ್ರೆ ಬಾ, ಬೆಣೆ ಇನ್ನು ಇಡಲ್ಲ. ಆಮೇಲೆ ನಂಗೇನು ನಾಚಿಕೆ."

ಇವರು ಎದ್ದು ಹಿಂದಿನ ಅಂಗಳಕ್ಕೆ ಹೋದರು. ಬಹಳ ಹೊತ್ತು ಒಳಗೆ ಬರಲಿಲ್ಲ. ಅಳುತ್ತಿದ್ದಾರೆಂದು ಗೊತ್ತಿತ್ತು, ನಾನು ನೋಡಲು ಹೋಗಲಿಲ್ಲ.