ಮೇಲಿನಾಕೆ ತಿದ್ದಿಕೊಟ್ಟ ಆಟ

ಅವಳ ಹಿಮ್ಮಡಿಗಳು ಒಡೆದಿದ್ದವು. ಬರೀ ಗೀರು ಬಿದ್ದಿರಲಿಲ್ಲ, ಉಗುರು ತೂರುವಷ್ಟು ಆಳಕ್ಕೆ ಬಿರಿದಿದ್ದವು, ಸಿಮೆಂಟಿನಲ್ಲಿ ನಿಂತು ದುಡಿಯುವ ನಮ್ಮಂಥ ಹೆಂಗಸರ ಹಿಮ್ಮಡಿಯ ಹಾಗೆ. ಮೇಲಿನ ಕೋಣೆ ಬಾಡಿಗೆಗೆ ಕೇಳಲು ಬಾಗಿಲಲ್ಲಿ ನಿಂತ ದಿನ ನಾನು ಮೊದಲು ನೋಡಿದ್ದು ಅದನ್ನೇ. ಕಂಪ್ಯೂಟರ್ ಮುಂದೆ ಕೂತು ಕೆಲಸ ಮಾಡುತ್ತೇನೆ ಅಂದಳು. ಕೂತು ಕೆಲಸ ಮಾಡುವವರ ಹಿಮ್ಮಡಿ ಹಾಗೆ ಒಡೆಯುವುದಿಲ್ಲ. ನನ್ನ ಅನುಮಾನ ಅಲ್ಲಿಂದಲೇ ಶುರುವಾಯಿತು.

ಆದರೂ ಕೋಣೆ ಕೊಟ್ಟೆ. ಕನ್ನಡದವಳು ಅಂತ ಅಲ್ಲ. ಕೋಣೆ ಖಾಲಿ ಬಿದ್ದಿತ್ತು, ಅಷ್ಟೇ.

ಕೊಂಢವಾ ಬಡಾವಣೆಯ ಈ ಮನೆಯನ್ನು ಕಟ್ಟಿದ್ದು ನನ್ನ ಗಂಡನೇ, ನಮ್ಮ ಮುದುಕ. ಅವನು ಗೌಂಡಿ, ನಾನು ಅವನಿಗೆ ಮಾಲು ಹೊರುವವಳು. ಮಾಲು ಅಂದರೆ ಸಿಮೆಂಟು, ಉಸುಕು ಕಲಸಿದ್ದು. ಯಾದಗಿರಿ ಕಡೆಯಿಂದ ಬಂದ ಮೇಲೆ ಈ ಮರಾಠಿ ಊರಿನಲ್ಲಿ ಯಾರ್‍ಯಾರ ಮನೆಗೋ ಗೋಡೆ ಎಬ್ಬಿಸಿದೆವು. ಕಡೆಗೆ ನಮಗೂ ಒಂದಾಯಿತು, ಕೆಳಗೆ ಎರಡು ಕೋಣೆ, ಮೇಲೆ ಒಂದು.

ಅವಳು ಬರುವ ಹೊತ್ತಿಗೆ ಮುದುಕನಿಗೆ ಲಕ್ವಾ ಹೊಡೆದು ಬಲಗೈಯೂ ಬಾಯಿಯೂ ಹೋಗಿದ್ದವು. ನಾವು ಆಡಿದ್ದು ತಿಳಿಯುತ್ತಿತ್ತು, ತಿರುಗಿ ಆಡಲು ಬರುತ್ತಿರಲಿಲ್ಲ. ಎಡಗೈಯನ್ನಾದರೂ ಆಡಿಸುತ್ತಿರಲಿ, ಸುಮ್ಮನೆ ಮಲಗಲು ಬಿಡಬೇಡ ಎಂದು ದವಾಖಾನೆಯಲ್ಲಿ ಹೇಳಿ ಕಳಿಸಿದ್ದರು. ಹಿಸುಕು ಎಂದು ರಬ್ಬರ್ ಚೆಂಡು ಕೊಟ್ಟರೆ ಮಂಚದ ಕೆಳಗೆ ಉರುಳಿಸಿಬಿಡುತ್ತಿದ್ದ. ದಿನವೆಲ್ಲ ಗೋಡೆಗೆ ಮುಖ ಮಾಡಿ ಮಲಗುವುದು, ಗಂಜಿ ಬಾಯಿಗಿಟ್ಟರೆ ಉಗುಳುವುದು. ಹೀಗೇ ಬಿಟ್ಟರೆ ಉಳಿಯುವುದಿಲ್ಲ ಎಂದು ನನಗೆ ಗೊತ್ತಿತ್ತು. ಅವನಿಗೂ ಗೊತ್ತಿತ್ತು.

ಮೇಲಿನಾಕೆ ಹಾಸನದ ಕಡೆಯವಳು. ಮೂವತ್ತರ ಆಸುಪಾಸು. ಅವಳ ಬಾಯಲ್ಲಿ ನಾನು ಅಜ್ಜಿ, ಮುದುಕ ತಾತ. "ನಮ್ಮ ಕಡಿ ಮುತ್ಯಾ ಅಂತಾರ" ಅಂದೆ. "ಸರಿ ಅಜ್ಜಿ" ಅಂದಳು, ಮತ್ತೆ ತಾತ ಎಂದೇ ಕರೆದಳು. ಮೂರು ಹೊತ್ತೂ ಅನ್ನ. ನಾನು ರೊಟ್ಟಿ ಕೊಟ್ಟರೆ ಹಪ್ಪಳದ ಹಾಗೆ ಎರಡು ಕೈಯಿಂದ ಮುರಿಯುತ್ತಿದ್ದಳು. ಬೆಳಿಗ್ಗೆ ನಳ ಬಂದಾಗ ಕೊಡ ತುಂಬಿಸಲು ಕೆಳಗೆ ಬರುವುದು ಬಿಟ್ಟರೆ ಅವಳ ಮುಖ ಕಾಣುತ್ತಿರಲಿಲ್ಲ. ಹಗಲೆಲ್ಲ ಪರದೆ ಎಳೆದೇ ಇರುತ್ತಿತ್ತು.

ಒಂದು ದಿನ ಕೊಡ ತುಂಬುವವರೆಗೆ ನಿಲ್ಲಿಸಿ ಕೇಳಿದೆ.

"ಕೆಲಸ ಎಲ್ಲಿ ನಿಂದು?"

"ವಾಕಡದಲ್ಲಿ ಒಂದು ಕಂಪನೀಲಿ ಇದ್ದೆ ಅಜ್ಜಿ. ಈಗ ಇಲ್ಲ."

"ನೀ ಬಿಟ್ಟಿಯೋ, ಅವರು ಬಿಡಿಸಿದರೋ?"

"ಅವರೇ ಬಿಡಿಸಿದ್ರು."

"ಏನ ಕದ್ದಿದ್ದಿ?"

"ಕದ್ದಿಲ್ಲ. ಅವರದೊಂದು ಗೇಮ್ ಬಿಚ್ಚಿ ನೋಡಿದ್ದೆ. ಕೇಳದೇ."

ಕೊಡ ಎತ್ತಿಕೊಂಡು ಹೋದಳು. ಕೇಳಿದ್ದಕ್ಕೆ ಉತ್ತರ ಕೊಡುತ್ತಿದ್ದಳು, ಕೇಳದ್ದನ್ನು ಹೇಳುತ್ತಿರಲಿಲ್ಲ. ಅಂಥವರನ್ನು ಕಂಡರೆ ನನಗೆ ಮೊದಲಿನಿಂದಲೂ ಆಗುವುದಿಲ್ಲ. ಸುಳ್ಳು ಹೇಳುವವರನ್ನಾದರೆ ಹಿಡಿಯಬಹುದು.

ಪಕ್ಕದ ಮನೆಯಲ್ಲಿ ಕೊತ್ತಂಬರಿ ಮಾರುವ ಮಾವಶಿ ಇದ್ದಾಳೆ, ಮರಾಠಿಯವಳು. ಅವಳಿಗೂ ನನ್ನ ಹಾಗೇ ಸಂಶಯ. "ದಿವಸಭರ ಪಡದಾ ಲಾವೂನ ಕಾಯ ಕರತೇ ತೀ?" ಎಂದು ನನ್ನನ್ನು ಕೇಳುವಳು. ಹಗಲೆಲ್ಲ ಪರದೆ ಎಳೆದುಕೊಂಡು ಏನು ಮಾಡುತ್ತಾಳೆ ಎಂದು ನನಗೇನು ಗೊತ್ತು. ನೋಡೇಬಿಡೋಣ ಎಂದು ಮೆಣಸಿನಕಾಯಿ ಒಣಹಾಕುವ ನೆಪದಲ್ಲಿ ಮಾಳಿಗೆ ಹತ್ತಿದೆ, ಬಾಗಿಲು ತಳ್ಳಿದೆ.

ಕಂಪ್ಯೂಟರಿನ ನಡುವೆ ಒಂದು ಫೋನು ನಿಂತಿತ್ತು. ಫೋನಿನ ಚಿತ್ರವಲ್ಲ, ನಡೆಯುತ್ತಿರುವ ಫೋನು. ಅದರಲ್ಲಿ ಹೊತ್ತು ತೋರಿಸುತ್ತಿತ್ತು, ಚಾರ್ಜು ತೋರಿಸುತ್ತಿತ್ತು. ಕೈಗೆ ಮಾತ್ರ ಸಿಗುವುದಿಲ್ಲ.

"ಯಾರ ಫೋನ ಇದು?"

"ಯಾರದ್ದೂ ಅಲ್ಲ ಅಜ್ಜಿ. ಎಮ್ಯುಲೇಟರ್ ಅಂತಾರೆ. ಕಂಪ್ಯೂಟರೇ ಫೋನಿನ ವೇಷ ಹಾಕಿರೋದು."

"ಅದರ ನಂಬರ ಏನು?"

"ನಂಬರ್ ಇರಲ್ಲ."

"ನಂಬರಿಲ್ಲದ ಫೋನ ಇಟ್ಟುಕೊಂಡು ಪರದಿ ಎಳಕೊಂಡು ಏನ ಮಾಡಾಕತ್ತಿ?"

ನಕ್ಕಳು. ಬೇರೆಯವರು ಮಾಡಿದ ಆಟವನ್ನು ಬಿಚ್ಚಿ, ತನಗೆ ಬೇಕಾದ ಹಾಗೆ ತಿದ್ದಿ, ಮತ್ತೆ ಕಟ್ಟುತ್ತಾಳಂತೆ. ತಿದ್ದಿದ್ದನ್ನು ನೇರವಾಗಿ ಕೈಯ ಫೋನಿಗೆ ಹಾಕಿದರೆ ಫೋನೇ ಕೆಡಬಹುದು, ಅದಕ್ಕೆ ಮೊದಲು ಈ ವೇಷದ ಫೋನಿನಲ್ಲಿ ಆಡಿಸಿ ನೋಡುವುದು. "ಕೆಟ್ರೆ ಇಲ್ಲೇ ಕೆಡಲಿ ಅಜ್ಜಿ" ಅಂದಳು. ಆ ಮಾತು ಅವಳ ನಾಲಿಗೆಯ ಮೇಲೇ ಇರುತ್ತಿತ್ತು. ಸಾರಿಗೆ ಉಪ್ಪು ಹಾಕುವ ಮೊದಲು ಒಂದು ಸೌಟು ಬೇರೆ ಬಟ್ಟಲಿಗೆ ಹಾಕಿ, ಅದಕ್ಕೆ ಉಪ್ಪು ಬೆರೆಸಿ ನೋಡುವಾಗಲೂ ಹಾಗೇ ಅನ್ನುತ್ತಿದ್ದಳು.

"ಆಟ ಮಾಡಿದವರನ್ನ ಕೇಳಿ ಬಿಚ್ಚತಿಯೇನು?"

"ಇಲ್ಲ."

"ಹಂಗಾದ್ರ ಕಳವು ಅದು."

"ಒಂಥರಾ ಹೌದು."

ಹೌದು ಅಂದವಳ ಜೊತೆ ಏನು ಜಗಳ ಆಡುವುದು. ಮೆಣಸಿನಕಾಯಿ ಹರವಿ ಕೆಳಗಿಳಿದೆ.

ನಮ್ಮ ಮನೆಯ ಫೋನಿನಲ್ಲಿ ಒಂದು ಆಟವಿತ್ತು. ಮೇಲಿಂದ ಇಟ್ಟಂಗಿಗಳು ಬೀಳುತ್ತವೆ, ಬೆರಳಿನಿಂದ ಸರಿಸಿ ಸಂದು ಬಿಡದಂತೆ ಕೂಡಿಸಬೇಕು. ಮುದುಕ ಮೈ ಚೆನ್ನಾಗಿದ್ದಾಗ ಯಾರೋ ಆಡುವುದನ್ನು ನೋಡಿ ನಕ್ಕಿದ್ದ. ಈಗ ಕೈ ಆಡಿಸಲಿ ಎಂದು ಅದನ್ನೇ ಹಚ್ಚಿ ಎದುರಿಗೆ ಹಿಡಿದೆ. ಎಡಗೈ ಏಳುವಷ್ಟರಲ್ಲಿ ಇಟ್ಟಂಗಿ ಬಿದ್ದು ಹೋಗುತ್ತಿತ್ತು. ಆಟದ ನಡುವೆ ಯಾವಳೋ ತೆರೆಯ ಮೇಲೆ ಕುಣಿಯುತ್ತ ಸೀರೆ ಮಾರಲು ಬರುತ್ತಿದ್ದಳು. ಮುದುಕ ಫೋನನ್ನು ಗುದ್ದಿ ಗೋಡೆಗೆ ತಿರುಗಿದ. ಕೊಡ ತುಂಬಿಸಲು ಬಂದವಳು ಬಾಗಿಲಲ್ಲೇ ನಿಂತು ಇದನ್ನು ನೋಡಿದಳು. "ಫೋನ್ ಒಂದಿನ ಕೊಡ್ತೀರಾ ಅಜ್ಜಿ?" ಅಂದಳು.

"ಯಾಕ?"

"ತಾತನಿಗೆ ಸರಿ ಮಾಡಿಕೊಡ್ತೀನಿ."

ಕೊಟ್ಟೆ. ಆದರೆ ಅವಳು ಅದನ್ನು ಕಂಪ್ಯೂಟರಿಗೆ ಹಚ್ಚಿ ಆಟ ಎಳೆದುಕೊಳ್ಳುವವರೆಗೆ ಅವಳ ತಲೆಯ ಮೇಲೇ ನಿಂತಿದ್ದೆ. ತಿದ್ದಿ ತಂದಳು. ಇಟ್ಟಂಗಿ ನಿಧಾನವಾಗಿ ಇಳಿಯುತ್ತಿದ್ದವು. ಕುಣಿಯುವವಳು ಮಾಯವಾಗಿದ್ದಳು. ಹೇಗೆ ಕೂಡಿಸಿದರೂ ಸೋಲೇ ಇಲ್ಲ, ಪಟಾಕಿ ಹೊಡೆದು ಶಭಾಸ್ ಅನ್ನುತ್ತಿತ್ತು. ಮುದುಕ ಸ್ವಲ್ಪ ಹೊತ್ತು ಆಡಿದ. ಬೇಕೆಂದೇ ಒಂದು ಇಟ್ಟಂಗಿಯನ್ನು ಅಡ್ಡಾದಿಡ್ಡಿ ಇಟ್ಟು ನೋಡಿದ. ಮತ್ತೆ ಪಟಾಕಿ. ಫೋನನ್ನು ಹಾಸಿಗೆಯಿಂದ ಕೆಳಕ್ಕೆ ನೂಕಿದ. ಆವತ್ತು ಗಂಜಿ ನನ್ನ ಸೀರೆಯ ಮೇಲೆ ಬಿತ್ತು.

"ಗೆದ್ರೆ ಖುಷಿಯಾಗುತ್ತೆ ಅಂದ್ಕೊಂಡಿದ್ದೆ" ಅಂದಳು. ಗಾಜು ಒಡೆದಿದೆಯೇ ಎಂದು ಫೋನು ತಿರುಗಿಸಿ ನೋಡುತ್ತಿದ್ದಳು.

"ಸೊಟ್ಟ ಗ್ವಾಡಿಗೆ ಶಭಾಸ್ ಅಂದ್ರ ಯಾವ ಗೌಂಡಿ ಕೇಳತಾನ? ಅವನೇನು ಕೂಸೇ?"

ಸಿಟ್ಟಾಗುತ್ತಾಳೆ ಅಂದುಕೊಂಡೆ. ಆಗಲಿಲ್ಲ. ಮರುದಿನ ಮಧ್ಯಾಹ್ನ ಬಂದು ಹೊಸ್ತಿಲಲ್ಲಿ ಕೂತು, ಹಳೆಯ ಆಟವನ್ನೇ ಹಚ್ಚಿ ಅವನ ಕೈಗೆ ಕೊಡಿ ಅಂದಳು. ಅವನು ಆಡಲಿಲ್ಲ. ತಾನೇ ಅವನ ಎದುರಿಗೆ ಆಡಿದಳು, ಫೋನು ನೋಡದೆ ಅವನ ಎಡಗೈ ನೋಡುತ್ತ. ಇವಳಿಗೆ ಇವನ ಕೈಯಲ್ಲಿ ಏನು ಕೆಲಸ ಎಂದು ನನಗೆ ಮತ್ತೆ ಸಂಶಯ. ಆಮೇಲೆ ಒಳಗೆ ಬಂದು ಕೇಳಿದಳು, "ಒಂದು ಸಾಲು ಪೂರ್ತಿ ಆದಾಗೆಲ್ಲ ತಾತ ಮುಷ್ಟಿ ಬಿಗಿತಾರೆ. ಯಾಕೆ?"

ಆ ಆಟದಲ್ಲಿ ಒಂದು ಸಾಲು ಸಂದಿಲ್ಲದಂತೆ ತುಂಬಿದರೆ ಆ ಸಾಲು ಮಾಯವಾಗುತ್ತದೆ. ಅದೇ ಗೆಲುವಂತೆ.

"ಕಟ್ಟಿದ್ದು ಮಾಯ ಆದ್ರ ಸಿಟ್ಟ ಬರಂಗಿಲ್ಲೇನು?" ಅಂದೆ. "ಚಂದ ಕಟ್ಟಿದ ವರಸೀನೇ ಹೋಗಿ ಸೊಟ್ಟ ಕಟ್ಟಿದ್ದು ಉಳೀತದ. ಎಂಥ ಮಂದಿ ಮಾಡ್ಯಾರ ಇದನ್ನ?"

"ಚಿಕ್ಕೋಳಿಂದ ಆಡ್ತಿದೀನಿ. ಹೀಗೆ ಯೋಚನೆ ಮಾಡಿರಲಿಲ್ಲ" ಅಂದು, ಫೋನು ಹಿಡಿದು ಮೇಲೆ ಹೋದಳು. ಈ ಸಾರಿ ನಾನು ಜೊತೆಗೆ ಹೋಗಲಿಲ್ಲ. ಮುದುಕನಿಗೆ ಜ್ವರ ಬಂದಿತ್ತು.

ಫೋನು ಮರುದಿನ ಬರಲಿಲ್ಲ. ಅದರ ಮರುದಿನವೂ ಇಲ್ಲ. ಮಾವಶಿ ಬಂದು, ಫೋನಿನ ಒಳಗಿಂದಲೇ ಬ್ಯಾಂಕಿನ ಖಾತೆ ಬರಿದು ಮಾಡುತ್ತಾರೆ, ನಿನಗೆ ಬುದ್ಧಿ ಎಲ್ಲಿ ಹೋಗಿತ್ತು ಅಂದಳು. ಪೊಲೀಸರು ಬಂದರೆ ಮನೆಯವರನ್ನೂ ಎಳೆಯುತ್ತಾರೆ ಅಂದಳು. ಸರಿಯೇ ಅನ್ನಿಸಿತು. ಉರಿಬಿಸಿಲಿನಲ್ಲಿ ಮಾಳಿಗೆ ಹತ್ತಿದೆ.

ಅವಳು ಬರಿಗಾಲಿನಲ್ಲಿ ಮಾಳಿಗೆಯ ಈ ತುದಿಯಿಂದ ಆ ತುದಿಗೆ ನಡೆಯುತ್ತಿದ್ದಳು. ರೊಟ್ಟಿ ಬೇಯುವಷ್ಟು ಕಾದ ಸಿಮೆಂಟು. ತುಟಿ ಅಲುಗುತ್ತಿತ್ತು. ಒಳಗೆ ಕಂಪ್ಯೂಟರಿನಲ್ಲಿ ಆ ವೇಷದ ಫೋನು, ಅದರಲ್ಲಿ ಇಟ್ಟಂಗಿ ಅರ್ಧಕ್ಕೆ ನಿಂತಿತ್ತು. ಕೆಲಸ ಕೂಡಿಬರದಿದ್ದಾಗ ಹೀಗೆ ನಡೆಯುವುದು ಅವಳ ಅಭ್ಯಾಸವಂತೆ. ಹಿಮ್ಮಡಿಯ ಸಂಗತಿ ಆವತ್ತು ತಿಳಿಯಿತು. ಆದರೆ ನಾನು ಹತ್ತಿದ್ದು ಅದಕ್ಕಲ್ಲ.

"ಫೋನ ಕೊಡು. ಮನಿ ಬಿಡು."

ಅವಳು ಒಳಗೆ ಹೋಗಿ ಏನೋ ಒತ್ತಿದಳು, ವೇಷದ ಫೋನಿನಲ್ಲಿ ಒಂದು ಸಾಲು ಕೂಡಿಸಿದಳು, ಅದು ನಿಂತಿತು. ಮತ್ತೊಂದು ಸಾಲು, ಅದೂ ನಿಂತಿತು. ಆಮೇಲೆ ನಮ್ಮ ಫೋನಿಗೆ ತಂತಿ ಹಚ್ಚಿ, ತೆಗೆದು, ನನ್ನ ಕೈಗಿಟ್ಟಳು.

"ಮನೆ ನಾಳೆ ಬಿಡ್ತೀನಿ ಅಜ್ಜಿ. ಇದನ್ನ ಇವತ್ತೇ ತಾತನ ಕೈಗೆ ಕೊಡಿ. ಕಟ್ಟಿದ್ದು ಇನ್ನು ಹೋಗಲ್ಲ. ಇಟ್ಟಿಗೆ ಅವರು ಮುಟ್ಟೋವರೆಗೂ ಬೀಳಲ್ಲ, ಕಾಯುತ್ತೆ. ಶಭಾಸ್ ತೆಗೆದುಹಾಕಿದೀನಿ. ಸೊಟ್ಟ ಇಟ್ರೆ ಸೊಟ್ಟಾನೇ ಕಾಣುತ್ತೆ."

ನಾನು ಮೊದಲು ಖಾತೆ ನೋಡಿಸಿದೆ. ಮಾವಶಿಯ ಸೊಸೆ ನೋಡಿ ಎಲ್ಲ ಸರಿಯಿದೆ ಅಂದಳು. ಆಮೇಲೆ ಆಟ ಹಚ್ಚಿ ಮುದುಕನ ದಿಂಬಿನ ಹತ್ತಿರ ಇಟ್ಟು, ಒಲೆಯ ಕಡೆ ಹೋದೆ. ನಾನು ಹಿಡಿದು ಆಡಿಸಲಿಲ್ಲ, ಆಡು ಅನ್ನಲೂ ಇಲ್ಲ.

ಅನ್ನ ಬಸಿಯುತ್ತಿದ್ದೆ. ಹಿಂದಿನಿಂದ ದನಿ ಬಂತು.

"ಮಾಲ್."

ಕಟ್ಟಡದ ಮೇಲೆ ನಿಂತು ಕೆಳಗಿದ್ದ ನನ್ನನ್ನು ಅವನು ಕರೆಯುತ್ತಿದ್ದುದು ಹಾಗೆಯೇ. ಹೆಸರು ಹಿಡಿದು ಕರೆದವನಲ್ಲ. ಮಾಲ್ ಅಂದರೆ ನಾನು ಬುಟ್ಟಿ ತುಂಬಿ ತಲೆಗೇರಿಸಿ ಹತ್ತಬೇಕು, ತಡವಾದರೆ ಬೈಗುಳ. ದನಿ ಕೇಳಿದ್ದೇ ನಾನು ಅನ್ನದ ಪಾತ್ರೆ ಬಿಟ್ಟು ಎದ್ದುಬಿಟ್ಟಿದ್ದೆ. ಲಕ್ವಾ ಹೊಡೆದ ಮೇಲೆ ಆ ಬಾಯಿಂದ ಬಂದ ಮೊದಲ ಮಾತು ಅದು.

ಹೋಗಿ ನೋಡಿದರೆ ಗೋಡೆಗೆ ಒರಗಿ ಕೂತಿದ್ದ. ಯಾರು ಎಬ್ಬಿಸಿದರೋ, ಅವನೇ ಎದ್ದನೋ. ಫೋನು ತೊಡೆಯ ಮೇಲಿತ್ತು. ತಳದ ಸಾಲು ಸೊಟ್ಟ, ಅದರ ಮೇಲಿನದು ಸ್ವಲ್ಪ ನೆಟ್ಟಗೆ, ಮೂರನೆಯದು ಗೌಂಡಿಯ ಸಾಲು. ಎಡಗೈ ಬೆರಳು ಎತ್ತಿ, ಮುಂದಿನ ಇಟ್ಟಂಗಿಯನ್ನು ಎಲ್ಲಿಡಬೇಕು ಎಂದು ನೋಡುತ್ತಿದ್ದ. ಇಟ್ಟಂಗಿ ಕಾಯುತ್ತಿತ್ತು.

"ಮಾಲ್" ಅಂದ ಮತ್ತೆ, ಸಿಟ್ಟಿನಿಂದ.

"ತರತೀನಿ, ತಡಿ" ಅಂದೆ. ಗಂಜಿ ತಂದೆ. ಕುಡಿದ.

ಮನೆ ಬಿಡು ಅಂದದ್ದನ್ನು ನಾನು ಹಿಂದಕ್ಕೆ ತೆಗೆದುಕೊಳ್ಳಲಿಲ್ಲ. ಮತ್ತೆ ಹೇಳಲೂ ಇಲ್ಲ. ಮರುದಿನ ನಳ ಬಂದಾಗ ಅವಳು ಚೀಲ ಕಟ್ಟಿಕೊಂಡು ಇಳಿದಳು. ನಾನು ಅವಳ ಕೊಡವನ್ನು ನಳದ ಕೆಳಗೆ ಇಟ್ಟೆ. ಅವಳು ಕೊಡ ನೋಡಿದಳು, ಚೀಲ ಹೊತ್ತು ಮತ್ತೆ ಮೇಲೆ ಹತ್ತಿದಳು.

ಆಮೇಲೆ ಬಹಳ ದಿನ ಇದ್ದಳು. ಮುದುಕನಿಗೆ ಇನ್ನೂ ನಾಲ್ಕಾರು ಮಾತು ಬಂದವು, ಅದರಲ್ಲಿ ಅರ್ಧ ಬೈಗುಳ. ಅವಳನ್ನು ಕಂಡರೆ "ಸಂದ್, ಸಂದ್" ಎನ್ನುತ್ತ ಫೋನು ತೋರಿಸುವನು, ಗೋಡೆಯಲ್ಲಿ ಸಂದಿನ ಮೇಲೆ ಸಂದು ಬರಬಾರದು, ಬಂದದ್ದು ಆಟದ ತಪ್ಪು ಎಂಬಂತೆ. "ಅದು ನಿಮ್ಮದೇ ತಪ್ಪು ತಾತ, ನಂದಲ್ಲ" ಅನ್ನುವಳು. ಅವನಿಗೆ ನಗು ಬರುತ್ತಿತ್ತು, ಬಾಯಿಯ ಒಂದೇ ಕಡೆಯಿಂದ. ಅವಳು ಮೇಲೆ ಪರದೆ ಎಳೆದು ಇನ್ನು ಯಾರ್‍ಯಾರಿಗೆ ಏನೇನು ತಿದ್ದಿಕೊಡುತ್ತಿದ್ದಳೋ, ಅನ್ನ ಯಾವುದರಿಂದ ಹುಟ್ಟುತ್ತಿತ್ತೋ ನನಗೆ ಕಡೆಗೂ ಗೊತ್ತಾಗಲಿಲ್ಲ. ಅವಳು ಒಳ್ಳೆಯವಳು ಎಂದು ನಾನು ಇವತ್ತಿಗೂ ಹೇಳುವುದಿಲ್ಲ.

ಹೋಗುವ ದಿನ ಎರಡು ಚೀಲ, ಒಂದು ಕಂಪ್ಯೂಟರು. ಶಿವಾಜಿನಗರದ ಬಸ್ ಸ್ಟ್ಯಾಂಡಿಗೆ ರಿಕ್ಷಾ ಕರೆಸಿದ್ದಳು. ಎಲ್ಲಿಗೆ ಅಂದೆ. "ಇನ್ನೂ ಗೊತ್ತಿಲ್ಲ ಅಜ್ಜಿ" ಅಂದಳು. ಉಗುರಿನಷ್ಟು ಸಣ್ಣ ಮೆಮರಿ ಕಾರ್ಡೊಂದನ್ನು ಕಾಗದದಲ್ಲಿ ಸುತ್ತಿ ಕೊಟ್ಟು, ಈ ಫೋನು ಕೆಟ್ಟರೆ ಹೊಸದಕ್ಕೆ ಇದರಿಂದ ಆಟ ಹಾಕಿಸಿ ಅಂದಳು. ಅದನ್ನು ಅರಿಶಿನದ ಡಬ್ಬಿಯ ಹಿಂದೆ ಇಟ್ಟೆ. ಆಮೇಲೆ ಅವಳ ನಂಬರು ಹತ್ತಲಿಲ್ಲ.

ಮೊನ್ನೆ ಫೋನು ನೀರಿಗೆ ಬಿತ್ತು. ಮುದುಕ ಒಂದು ದಿನ ನೋಡಿದ, ಎರಡನೆಯ ದಿನ ಗೋಡೆಗೆ ತಿರುಗಿದ. ತಟ್ಟೆ ಹಾಗೇ ಉಳಿಯಿತು. ಕಾರ್ಡು ಹಿಡಿದು ಅಂಗಡಿಗೆ ಹೋದೆ. ಅಂಗಡಿಯವನು ಹೊಸ ಫೋನಿಗೆ ಕಾರ್ಡು ತುರುಕಿ ಒತ್ತಿದ. ತೆರೆಯ ಮೇಲೆ ಕೆಂಪು ಗುರುತು ಎದ್ದಿತು. ನನಗೆ ಕನ್ನಡವೇ ಅಕ್ಷರ ಕೂಡಿಸಿ ಓದಬೇಕು, ಅದು ಇಂಗ್ಲಿಷ್.

"ಏನ ಬರದದ?" ಅಂದೆ. ಅವನು ವಿಜಯಪುರದ ಕಡೆಯವನು, ಕನ್ನಡ ಬರುತ್ತದೆ.

"ಇದು ಎಲ್ಲಿಂದ ಬಂದದ ಗೊತ್ತಿಲ್ಲ, ನಂಬಬ್ಯಾಡ್ರಿ, ಫೋನಿಗೆ ಧೋಕಾ ಆಗಬಹುದು ಅಂತದ ಆಯಿ. ಬ್ಯಾಡ ಬಿಡ್ರಿ, ಬೇರೆ ಆಟ ಹಾಕಿ ಕೊಡ್ತೀನಿ. ಭಾಳ ಅದಾವ."

"ಬೇರೆ ಬ್ಯಾಡ."

"ಇದನ್ನ ಮಾಡಿದವರು ಯಾರರೀ? ಗೊತ್ತಿದ್ದವರೇನು?"

ನನಗೆ ಗೊತ್ತಿದ್ದದ್ದೇನು. ಅವಳ ಕಂಪನಿ ಗೊತ್ತಿಲ್ಲ, ಈಗ ಎಲ್ಲಿದ್ದಾಳೆ ಗೊತ್ತಿಲ್ಲ, ಬಿಚ್ಚಿದ್ದೆಲ್ಲ ಪರರ ಸೊತ್ತು ಎಂದು ಅವಳ ಬಾಯಿಂದಲೇ ಕೇಳಿದ್ದೇನೆ. ಅಂಗಡಿಯವನು ಬೆರಳು ಎತ್ತಿ ಹಿಡಿದು ಕಾಯುತ್ತಿದ್ದ.

"ನಮ್ಮ ಮನಿಯಾಕಿ" ಅಂದೆ. "ಒತ್ತು."