ಅಪ್ಪ ಕುಳಿತಿದ್ದ ರೀಲು

ಮೊಮ್ಮಗಳು ಹುಟ್ಟಿ ಇಪ್ಪತ್ತು ದಿನವಾಯಿತು. ನನಗೆ ಊಟ ಬೇಡ, ನಿದ್ದೆ ಬೇಡ. ತೊಟ್ಟಿಲ ಪಕ್ಕ ಕುಳಿತು ಅವಳ ಪುಟ್ಟ ಹೊಟ್ಟೆ ಏಳುವುದು, ಇಳಿಯುವುದು ನೋಡುತ್ತಿದ್ದರೆ ಸಾಕು, ಎದೆ ತುಂಬಿ ಬರುತ್ತದೆ. "ಮಾವಾರ, ಕೂಸು ಎಲ್ಲೀಗೂ ಓಡಿ ಹೋಗೂದಿಲ್ರಿ, ಊಟಕ್ಕ ಏಳ್ರಿ," ಎಂದು ಸೊಸೆ ನಗುತ್ತಾಳೆ. ಅವಳಿಗೆ ಹೇಗೆ ಹೇಳಲಿ? ಉಸಿರು ನೋಡುವ ಈ ಚಟ ನನಗೆ ಅವ್ವನಿಂದ ಬಂದದ್ದು. ಸಂತೋಷ ಹೆಚ್ಚಾದಾಗಲೇ ಆ ಹಳೆಯ ಕಥೆ ನೆನಪಾಗುತ್ತದೆ. ನಾಲ್ಕನೇ ಇಯತ್ತೆಯವರೆಗೆ ಓದಿದವನು ನಾನು, ತಿಳಿದ ಹಾಗೆ ಬರೆಯುತ್ತೇನೆ.

ಸಿನಿಮಾದವರಿಗೆ, ಮುಂದೆ ಟಿವಿಯವರಿಗೆ, ಬೇಕಾದದ್ದನ್ನೆಲ್ಲ ಹೊಂದಿಸಿಕೊಡುವುದೇ ನನ್ನ ಹೊಟ್ಟೆಪಾಡಾಯಿತು. ಎತ್ತು, ಗಾಡಿ, ಜನ, ಊಟ, ಬಿಡಾರ. ಪ್ರೊಡಕ್ಷನ್ ಮ್ಯಾನೇಜರ್ ಎಂದು ಹೆಸರು. ಇದು ಶುರುವಾದದ್ದು ಐವತ್ತರ ದಶಕದಲ್ಲಿ, ನಮ್ಮೂರು ಬಾದಾಮಿಗೆ ಮದರಾಸಿನ ಕಂಪನಿಯೊಂದು ಬಂದಾಗ. ಅವರಿಗೆಲ್ಲ ರೊಟ್ಟಿ ಬಡಿದು ಕಳಿಸುತ್ತಿದ್ದವಳು ನನ್ನ ಅವ್ವನೇ.

ನಾಲ್ಕನೆಯ ದಿನ ಸಾವಿನ ಸೀನು. ಊರ ಹಿರಿಯನ ಹೆಣವನ್ನು ಚಾಪೆಯ ಮೇಲೆ ಮಲಗಿಸಿ ಎಂದರು ಡೈರೆಕ್ಟರು. ಶೂಟಿಂಗು ನೋಡಲು ಬಂದಿದ್ದ ಅಪ್ಪ ಸುಮ್ಮನಿರಲಿಲ್ಲ. ಭಜನೆಯ ಮನುಷ್ಯ, ಎಷ್ಟೋ ಸಾವಿನ ಮನೆ ಕಂಡವನು.

"ನಮ್ಮೊಳಗ ಸತ್ತವರು ಮಲಗೂದಿಲ್ರಿ ಸಾಹೇಬ್ರ, ಕೂಡ್ತಾರ. ಗ್ವಾಡಿಗೆ ಕುಂಡ್ರಿಸಿ, ಇಬತ್ತಿ ಹಚ್ಚಿ, ಮಾಲಿ ಹಾಕಿ, ಮುಂದ ಭಜನಿ ಮಾಡ್ತೇವಿ."

ಡೈರೆಕ್ಟರಿಗೆ ಅದು ಹಿಡಿಸಿಬಿಟ್ಟಿತು. ಆದರೆ ಕೂಡುವವರು ಯಾರು? ಬದುಕಿದ್ದಾಗಲೇ ಹಾಗೆ ಕೂತರೆ ಕೆಡುಕು ಎಂದು, ನಾನು ಕರೆತಂದಿದ್ದ ಮುದುಕರು ಒಬ್ಬೊಬ್ಬರೇ ಜಾರಿಕೊಂಡರು. "ಒಬ್ಬ ಮುದುಕನನ್ನು ಕೊಡೋಕಾಗಲ್ವ? ಹಾಗಾದ್ರೆ ನಾಳೆಯಿಂದ ಬರಬೇಡ," ಎಂದರು ಡೈರೆಕ್ಟರು. ಅಪ್ಪ ನನ್ನ ಮುಖ ನೋಡಿದ. ಹೋಗಿ ಗೋಡೆಗೆ ಒರಗಿ ಕುಳಿತ.

ಕ್ಯಾಮೆರಾ ಓಡಿದ ಮೊದಲ ಸಲ ಅವನ ರೆಪ್ಪೆ ಆಡಿತು, ಎರಡನೆಯ ಸಲ ಹೊಟ್ಟೆ. ನಾನು ಹತ್ತಿರ ಹೋಗಿ, "ಅಪ್ಪಾ, ಒಂದೀಟು ಉಸಿರು ಹಿಡಿ," ಎಂದೆ.

"ಹಿಡೀತೇನಪಾ. ಮೂಗಿನ ಮ್ಯಾಲಿನ ನೊಣಕ್ಕ ಯಾರು ಹೇಳವರು?"

ಮೂರನೆಯ ಸಲ ಭಜನೆ ಶುರುವಾದಾಗಲೇ ಅವ್ವ ರೊಟ್ಟಿಬುಟ್ಟಿ ಹೊತ್ತು ಬಂದಳು. ಬುಟ್ಟಿ ಕೆಳಗೆ ಬಿತ್ತು. ಅಪ್ಪ ಒಂದೇ ಕಣ್ಣು ತೆರೆದು, "ರೊಟ್ಟಿ ಮುರದಾವೇನು ನೋಡ," ಎಂದ. ಎಲ್ಲರೂ ಬಿದ್ದು ಬಿದ್ದು ನಕ್ಕರು. ಅವ್ವ ನಗಲಿಲ್ಲ. ಸೆರಗಿನಿಂದ ಅವನ ಹಣೆಯ ವಿಭೂತಿಯನ್ನು ತಿಕ್ಕಿ ತಿಕ್ಕಿ ಒರೆಸಿದಳು.

"ಕುಂಕುಮ ಹಚ್ಚಿಕೊಂಡಾಕಿ ಕಣ್ಣ ಮುಂದ ಗಂಡನ್ನ ಹಿಂಗ ಕುಂಡ್ರಿಸ್ತಾರೇನೋ?" ಎಂದಳು ನನಗೆ.

ಎರಡು ತಿಂಗಳಿಗೆ ಅಪ್ಪನಿಗೆ ಜ್ವರ ಬಂತು. ಮೂರನೆಯ ದಿನ ಹೋಗಿಬಿಟ್ಟ. ಮನೆಯ ಪಡಸಾಲೆಯಲ್ಲಿ ಅವನನ್ನು ಗೋಡೆಗೆ ಕೂರಿಸಿದರು. ಮಾಲೆ ಸೊಟ್ಟಗಿತ್ತು, ಬಾಗಿಲ ಬೆಳಕು ಅರ್ಧ ಮುಖಕ್ಕಷ್ಟೇ ಬೀಳುತ್ತಿತ್ತು. ನನ್ನ ಕೈ ತಾನಾಗಿ ಹೋಗಿ ಮಾಲೆ ಸರಿಮಾಡಿತು, ಅವನ ಮುಖವನ್ನು ಬೆಳಕಿನ ಕಡೆಗೆ ಸ್ವಲ್ಪ ಹೊರಳಿಸಿತು. ಶೂಟಿಂಗಿನಲ್ಲಿ ಕಲಿತ ಚಾಳಿ! ತಲೆ ಎತ್ತಿದರೆ ಅವ್ವ ನೋಡುತ್ತಿದ್ದಳು.

ಅಂದಿನಿಂದ ಅವಳು ನನ್ನ ಕೂಡ ಮಾತು ಬಿಟ್ಟಳು. ತಾಟು ಮುಂದೆ ತಳ್ಳುತ್ತಿದ್ದಳು, ಅಷ್ಟೇ. ಒಂದು ಹನಿ ಕಣ್ಣೀರೂ ಹಾಕಲಿಲ್ಲ. ನಾನು ಕೂರಿಸಿದ್ದಕ್ಕೇ ಅಪ್ಪ ಹೋದನೇ? ಅವಳು ಹಾಗೆ ಅನ್ನಲಿಲ್ಲ. ಕೇಳುವ ಧೈರ್ಯ ನನಗಾಗಲಿಲ್ಲ.

ಮರುವರ್ಷ ಆ ಸಿನಿಮಾ ಬಾಗಲಕೋಟೆಗೆ ಬಂತು. ನಾನು ಮುಚ್ಚಿಟ್ಟಿದ್ದೆ. ಹಿಟ್ಟಿನ ಗಿರಣಿಯಲ್ಲಿ ಯಾರೋ ಹೇಳಿದ್ದಾರೆ, ಅವ್ವ ಸೀರೆ ಬದಲಿಸಿ ಬಾಗಿಲಲ್ಲಿ ನಿಂತಳು. ಕರೆದುಕೊಂಡು ಹೋದೆ. ಮಧ್ಯಾಹ್ನದ ಆಟ. ಪರದೆಯ ಮೇಲೆ ಅಪ್ಪ ಬಂದಾಗ ನಾನು ಕಣ್ಣು ಮುಚ್ಚಿಕೊಂಡೆ. ಹೆಂಗಸರ ಕಡೆಯಿಂದ ಅವ್ವನ ಧ್ವನಿ ಕೇಳಿತು:

"ಹೊಟ್ಟಿ ಆಡಾಕತ್ತೈತಿ ನೋಡ್ರವ್ವಾ!"

ನೋಡಿದೆ. ಖರೆ! ಬೇಡವೆಂದು ಬಿಟ್ಟಿದ್ದ, ಎರಡನೆಯ ಸಲ ತೆಗೆದದ್ದನ್ನೇ ಸೇರಿಸಿದ್ದರು. ಮಾಲೆಯ ಕೆಳಗೆ ಅಪ್ಪನ ಹೊಟ್ಟೆ ಮೆಲ್ಲಗೆ ಏಳುತ್ತಿತ್ತು, ಇಳಿಯುತ್ತಿತ್ತು.

ಅಲ್ಲಿ ಆಟ ನಡೆದ ಅಷ್ಟೂ ದಿನ ಅವ್ವ ನೋಡಿದ್ದೇ ನೋಡಿದ್ದು. ಸಿನಿಮಾ ಬಾಗಲಕೋಟೆ ಬಿಟ್ಟ ದಿನ ರೀಲಿನ ಡಬ್ಬಿಗಳ ಪೆಟ್ಟಿಗೆಯನ್ನು ಬಸ್ಸಿನ ಮೇಲೆ ಏರಿಸುತ್ತಿದ್ದರು. ಅವ್ವ ನನ್ನನ್ನು ದಾಟಿ ಕಂಡಕ್ಟರನ ಹತ್ತಿರ ಹೋದಳು.

"ಪೆಟ್ಟಿಗಿ ಎಲ್ಲೀಗೆ ಹೊಂಟೈತಪಾ?"

"ಹುನಗುಂದಕ್ಕ ಬೇ."

"ಹಂಗಾದ್ರ ನಮಗೂ ಅಲ್ಲೀಗೇ ಎರಡು ಚೀಟಿ ಕೊಡು."

ಅಪ್ಪ ಬಸ್ಸಿನ ಮೇಲೆ, ನಾವಿಬ್ಬರು ಕೆಳಗೆ. ಅಮೀನಗಡದಲ್ಲಿ ಇಳಿದು ಕರದಂಟು ತಂದೆ, ಅವಳು ಮುಟ್ಟಲಿಲ್ಲ. ಬಸ್ಸು ಕುಲುಕಿದಾಗಲೆಲ್ಲ ಮೇಲಿನ ಪೆಟ್ಟಿಗೆ ದಡ್ ದಡ್ ಎನ್ನುತ್ತಿತ್ತು, ಅವಳು ತಲೆ ಎತ್ತಿ ನೋಡುತ್ತಿದ್ದಳು.

ಹುನಗುಂದದಲ್ಲಿ ಅಷ್ಟೂ ದಿನ ನೋಡಿ, ಇಳಕಲ್ಲಿಗೆ ಹೋದೆವು. ಅಲ್ಲಿ ಟೆಂಟಿನ ಟಾಕೀಸು. ನಡುವೆ ಹಗ್ಗ ಕಟ್ಟಿ ಗಂಡಸರು ಒಂದು ಕಡೆ, ಹೆಂಗಸರು ಒಂದು ಕಡೆ. ಸಂಜೆಯ ಆಟದಲ್ಲಿ ಭಜನೆ ಶುರುವಾಯಿತು, ತಾಳ ಕೇಳಿತು, ಪರದೆ ಒಮ್ಮೆ ಕುಪ್ಪಳಿಸಿತು. ಮರುಕ್ಷಣ ಬರೀ ಗೋಡೆ, ಹೆಗಲು ಕೊಟ್ಟು ಹೊರಟ ಜನ. ರೀಲು ಹರಿದಲ್ಲಿ ಕತ್ತರಿಸಿ ಅಂಟಿಸಿದ್ದರು, ಅಪ್ಪ ಕುಳಿತಿದ್ದ ತುಂಡು ಇರಲಿಲ್ಲ. ಜನ ಶಿಳ್ಳೆ ಹೊಡೆದರು.

ಅವ್ವ ಹಗ್ಗದ ಕೆಳಗೆ ನುಸುಳಿ ಗಂಡಸರ ನಡುವೆ ಬಂದು ನನ್ನ ತೋಳು ಹಿಡಿದಳು. ವರ್ಷದ ಮೇಲೆ ನನ್ನ ಕೂಡ ಆಡಿದ ಮೊದಲ ಮಾತು:

"ನೀನ ಕುಂಡ್ರಿಸಿದ್ದಿ ಅವರನ್ನ. ನೀನ ಕರ್ಕೊಂಡು ಬಾ."

ಮುಂದೆ ಇಷ್ಟು ವರ್ಷ ಆನೆ ಕೇಳಿದವರಿಗೆ ಆನೆ ತಂದುಕೊಟ್ಟೆ, ಮಳೆ ಕೇಳಿದವರಿಗೆ ಮಳೆ ಬರಿಸಿದೆ. ಅವ್ವನ ಆ ಮಾತು ಇವತ್ತಿಗೂ ನನ್ನ ಬೆನ್ನು ಬಿಟ್ಟಿಲ್ಲ.

"ಆಗೂದಿಲ್ಲಬೇ," ಎಂದೆ ಅವತ್ತು. "ಅಪ್ಪ ಸತ್ತಾನ."

ಆಗ ಅವ್ವ ಅತ್ತಳು. ಸಾವಿನ ಮನೆಯಲ್ಲಿ ಅಳುವ ಹಾಗೆ ಹಾಡಿ ಹಾಡಿ ಅತ್ತಳು. ಬೀಡಿ ಸೇದುತ್ತಿದ್ದ ಅಪರಿಚಿತ ಗಂಡಸರು ಒಬ್ಬೊಬ್ಬರಾಗಿ ಬೀಡಿ ಆರಿಸಿ, ಅವಳಿಗೆ ಜಾಗ ಬಿಟ್ಟು ಸರಿದು ಕುಳಿತರು.